ಯಾರೋ ನೋಡುತ್ತಿದ್ದಾರೆ ಅನ್ನಿಸುವುದು: ನಿಮಗೂ ಹೀಗೆ ಆಗುತ್ತಾ?

ನಾಲ್ಕುನಾಡಿನವಳು:
ಎಲ್ಲರಿಗೂ ನಮಸ್ಕಾರ. ಕೊಡಗಿನ ನಾಪೋಕ್ಲಿನ ಒಂದು ಅಂಗಡಿಯಲ್ಲಿ ಲೆಕ್ಕ ಬರೆಯುವ ಕೆಲಸ ನನ್ನದು. ಸಂಜೆ ಬಸ್ಸಿಳಿದ ಮೇಲೆ ತೋಟದ ಒಳಗಿನ ಮಣ್ಣು ರಸ್ತೆಯಲ್ಲೇ ಮನೆಗೆ ನಡೆಯಬೇಕು. ಎರಡೂ ಕಡೆ ಆಳೆತ್ತರದ ರೊಬಸ್ಟಾ ಕಾಫಿ ಗಿಡ, ಮೇಲೆ ಸಿಲ್ವರ್ ಓಕಿಗೆ ಹಬ್ಬಿದ ಮೆಣಸಿನ ಬಳ್ಳಿ. ಒಂದು ತಿರುವು ದಾಟಿದ ಕೂಡಲೇ ಬೆನ್ನ ಮೇಲೆ ಯಾರದೋ ಕಣ್ಣು ಕೂತ ಹಾಗಾಗುತ್ತದೆ. ತಿರುಗಿ ನೋಡಿದರೆ ಯಾರೂ ಇಲ್ಲ. ನಡಿಗೆ ಜೋರಾಗುತ್ತದೆ, ಎದೆ ಡವಡವ ಅನ್ನುತ್ತದೆ.

ರಾತ್ರಿ ಅಡುಗೆಮನೆಯಲ್ಲಿ ಪಾತ್ರೆ ತೊಳೆಯುವಾಗಲೂ ಹಾಗೇ. ಎದುರಿಗಿನ ಕಿಟಕಿಯ ಆಚೆ ಯಾರೋ ನಿಂತಿದ್ದಾರೆ ಅನ್ನಿಸುತ್ತದೆ. ಹಗಲು ಅದೇ ಕಿಟಕಿ ಮುಂದೆ ಎಷ್ಟು ಹೊತ್ತು ನಿಂತರೂ ಏನೂ ಇಲ್ಲ.

ಅತ್ತೆ, ಗುಳಿಗ ದೈವಕ್ಕೆ ಒಂದು ಕೋಳಿ ಹೇಳಿಕೋ ಅನ್ನುತ್ತಾರೆ. ಗಂಡ ಬೆಂಗಳೂರಿನಿಂದ ಫೋನಿನಲ್ಲಿ ನಗುತ್ತಾರೆ. ಕೋಳಿಯೂ ಬೇಡ, ನಗುವೂ ಬೇಡ. ಇದು ನಿಜವಾಗಿ ಏನು ಅಂತ ಯಾರಾದರೂ ಹೇಳಿ.

ರೈಟರ್ ತಾತ:
ಮಗಳೇ, ನಾನು ಸಿದ್ದಾಪುರದ ಕಡೆ ತೋಟಗಳಲ್ಲಿ ರೈಟರ್ ಆಗಿದ್ದವನು. ಆಳುಗಳ ಹಾಜರಿ ಪುಸ್ತಕ, ಅದೇ ಮಸ್ಟರ್, ಬರೆದು ಬರೆದು ಕೈ ಸವೆದಿದೆ. ತೋಟದೊಳಗೆ ಹಾಗೆ ಅನ್ನಿಸಿದರೆ ನಗಬೇಡ, ನಿಂತುಕೋ. ನಮ್ಮ ಜಿಲ್ಲೆಯಲ್ಲಿ ಹಾಗೆ ನಿಂತು ಬದುಕಿಕೊಂಡವರು ಎಷ್ಟೋ ಜನ.

ಒಂದು ಬೆಳಿಗ್ಗೆ ಚಿಗುರು ತೆಗೆಯಲು ಆಳುಗಳನ್ನು ಕರೆದುಕೊಂಡು ಹೋಗುತ್ತಿದ್ದೆವು. ಹಲಸಿನ ಕಾಲ. ಮುಂದಿದ್ದ ಮೇಸ್ತ್ರಿ ಸುಮ್ನೆ ಕೈ ಎತ್ತಿದ. ಎಲ್ಲರೂ ನಿಂತರು. ನನಗಂತೂ ಏನೂ ಕೇಳಿಸಲಿಲ್ಲ, ಏನೂ ಕಾಣಲಿಲ್ಲ. ಆಮೇಲೆ ಹಲಸಿನ ಮರದ ಕೆಳಗಿಂದ "ಪಟ್" ಅಂತ ಒಂದು ಸದ್ದು. ಆನೆ ಕಿವಿ ಬೀಸಿದ ಸದ್ದು. ನಾವು ನಿಂತ ಜಾಗದಿಂದ ಒಂದು ಲಾರಿ ಉದ್ದ ದೂರ ಇರಬಹುದು ಅಷ್ಟೇ. ಮೆಲ್ಲಗೆ ಹಿಂದಕ್ಕೆ ಬಂದೆವು. ಹೇಗೆ ಗೊತ್ತಾಯಿತೋ ಅಂತ ಮೇಸ್ತ್ರಿಯನ್ನು ಕೇಳಿದರೆ, "ಯಾರೋ ನೋಡ್ತಾ ಇದಾರೆ ಅನ್ನಿಸ್ತು" ಅಂದ. ಕೆಲಸದ ಹೆಂಗಸೊಬ್ಬಳು ಹಿಂದಿನಿಂದ ಹೇಳಿದಳು, "ಜೀರುಂಡೆ ನಿಂತಿತ್ತಲ್ಲ ಅಣ್ಣ."

ಅದೇ ನೋಡು. ಜೀರುಂಡೆ ನಿಂತಿದ್ದು ಮೇಸ್ತ್ರಿಯ ಕಿವಿಗೆ ಬಿದ್ದಿತ್ತು, ಬುದ್ಧಿಗೆ ಬಿದ್ದಿರಲಿಲ್ಲ. ಕೆಂದಳಿಲು ಚೀರುವುದು, ಕಾಡುಕೋಳಿ ಪಟಪಟ ಹಾರುವುದು, ಹಸಿ ಲದ್ದಿಯ ವಾಸನೆ, ನಾಯಿ ಮುಂದೆ ಹೋಗದೆ ಕಾಲಿಗೆ ಸುತ್ತಿಕೊಳ್ಳುವುದು, ಇಷ್ಟೆಲ್ಲ ಸೇರಿ ಬೆನ್ನಲ್ಲಿ ಚಳಿ ಆಗುತ್ತದೆ. ಆನೆ ನಡೆದರೆ ಸದ್ದು ಬರುತ್ತದೆ ಅಂದುಕೊಳ್ಳಬೇಡ. ಅದರ ಪಾದದೊಳಗೆ ಕೊಬ್ಬಿನ ದಪ್ಪ ಮೆತ್ತೆ ಇದೆ, ತರಗೆಲೆಯ ಮೇಲೂ ಸದ್ದಿಲ್ಲದೆ ಬರುತ್ತದೆ. ಆ ತಿರುವಿನಲ್ಲಿ ಹಲಸಿನ ಮರ ಇದೆಯಾ? ಕೆರೆ ಇದೆಯಾ? ಅದನ್ನು ಮೊದಲು ಹೇಳು.

ನಾಲ್ಕುನಾಡಿನವಳು:
ತಾತ, ಹಲಸು ಇಲ್ಲ. ಪಕ್ಕದ ಗುಂಡಿಯಲ್ಲಿ ಹಳೇ ಕೆರೆ ಇದೆ. ಆನೆ ಬರುವುದು ನಮ್ಮ ಕಡೆಯೂ ಉಂಟು, ಆದರೆ ಆ ದಾರಿಯಲ್ಲಿ ನಾನು ಕಂಡಿಲ್ಲ.

ಚಾಕ್‌ಪೀಸ್:
ವಿರಾಜಪೇಟೆಯಿಂದ. ವಿಜ್ಞಾನದ ಮೇಷ್ಟ್ರು, ಈಗ ನಿವೃತ್ತ. ರೈಟರ್ ಅಣ್ಣ ಹೇಳಿದ್ದು ಸರಿ. ಆದರೆ ಬೆನ್ನಿಗೇ ನೋಟ ತಗಲುತ್ತದೆ ಅನ್ನುವ ಮಾತನ್ನು ಬೇರೆಯಾಗಿ ನೋಡಬೇಕು. ಅದನ್ನು ಪರೀಕ್ಷೆ ಮಾಡಿ ಬಹಳ ಕಾಲ ಆಯಿತು.

1898ರಲ್ಲಿ ಅಮೆರಿಕದ ಕಾರ್ನೆಲ್ ವಿಶ್ವವಿದ್ಯಾಲಯದ ಎಡ್ವರ್ಡ್ ಟಿಚನರ್ ಎಂಬ ಮನಶ್ಶಾಸ್ತ್ರಜ್ಞ 'ಸೈನ್ಸ್' ಪತ್ರಿಕೆಯಲ್ಲಿ ಇದರ ಬಗ್ಗೆಯೇ ಬರೆದ. ಅವನ ವಿದ್ಯಾರ್ಥಿಗಳಲ್ಲಿ ಕೆಲವರಿಗೆ, ಹಿಂದಿನಿಂದ ಯಾರಾದರೂ ದಿಟ್ಟಿಸಿದರೆ ತಮಗೆ ಗೊತ್ತಾಗುತ್ತದೆ ಎಂಬ ಗಟ್ಟಿ ನಂಬಿಕೆ. ಟಿಚನರ್ ಹೇಳಿದ್ದು ಸರಳ. ಹಿಂದೆ ಜನ ಕೂತಿದ್ದರೆ ನಮಗೆ ಕಸಿವಿಸಿ, ಕತ್ತು ತಿರುಗಿಸುತ್ತೇವೆ. ತಿರುಗಿದ ಕತ್ತು ಹಿಂದಿದ್ದವನ ಕಣ್ಣಿಗೆ ಬೀಳುತ್ತದೆ, ಅವನು ನೋಡುತ್ತಾನೆ. ಕಣ್ಣು ಕಣ್ಣು ಕೂಡುತ್ತವೆ. "ನೋಡು, ಇವನು ಆಗಿನಿಂದ ನನ್ನನ್ನೇ ನೋಡುತ್ತಿದ್ದ" ಅಂದುಕೊಳ್ಳುತ್ತೇವೆ. ನಿಜವಾಗಿ ನಾವು ತಿರುಗಿದ್ದಕ್ಕೇ ಅವನು ನೋಡಿದ್ದು. ಮಡಿಕೇರಿ ಬಸ್ಸಿನಲ್ಲಿ ಮುಂದಿನ ಸೀಟಿನಲ್ಲಿ ಕೂತು ಪಟ್ಟನೆ ಹಿಂದಕ್ಕೆ ತಿರುಗಿ ನೋಡಿ. ಅರ್ಧ ಬಸ್ಸು ನಿಮ್ಮನ್ನೇ ನೋಡುತ್ತಿರುತ್ತದೆ.

1913ರಲ್ಲಿ ಸ್ಟಾನ್‌ಫರ್ಡ್‌ನ ಜಾನ್ ಕೂವರ್ ಇದನ್ನು ಇನ್ನೂ ಕಟ್ಟುನಿಟ್ಟಾಗಿ ಮಾಡಿ ನೋಡಿದ. ನೋಡುತ್ತಿದ್ದಾರೋ ಇಲ್ಲವೋ ಹೇಳಿ ಅಂದರೆ ಉತ್ತರ ಸರಿಯಾಗಿದ್ದು ನೂರಕ್ಕೆ 50.2. ನಾಣ್ಯ ಚಿಮ್ಮಿ ಹೇಳಿದರೂ ಅಷ್ಟೇ ಬರುತ್ತದೆ.

ಕಾಳುಮೆಣಸು:
ಮೇಷ್ಟ್ರೇ, ರೂಪರ್ಟ್ ಶೆಲ್ಡ್ರೇಕ್ ಅಂತ ಒಬ್ಬರು ಸಾವಿರಾರು ಸಲ ಮಾಡಿಸಿ, ಗೊತ್ತಾಗುತ್ತದೆ ಅಂತಲೇ ಹೇಳಿದ್ದಾರಲ್ಲ? ಅದನ್ನು ಯಾಕೆ ಬಿಟ್ಟಿರಿ? ಅಮೆರಿಕದ ಕಾಲೇಜು ಹುಡುಗರ ಬೆನ್ನೂ ಕಾಡಂಚಿನವರ ಬೆನ್ನೂ ಒಂದೇನಾ?

ಚಾಕ್‌ಪೀಸ್:
ಬಿಡಲಿಲ್ಲ ಮಾರಾಯರೇ, ಬರುತ್ತಿದ್ದೆ. ಅವರ ಪ್ರಯೋಗಕ್ಕೆ ಬಂದ ದೊಡ್ಡ ಆಕ್ಷೇಪಣೆ, ನೋಡುವ ಸರದಿ ಮತ್ತು ನೋಡದ ಸರದಿಯ ಕ್ರಮ ಸರಿಯಾಗಿ ಕಲಸಿರಲಿಲ್ಲ ಅನ್ನುವುದು. ಮನುಷ್ಯ ಊಹಿಸುವಾಗ ಒಂದು ಸಲ ಹೌದು, ಮುಂದಿನ ಸಲ ಇಲ್ಲ, ಹೀಗೆ ಬದಲಾಯಿಸುತ್ತಾ ಹೋಗುತ್ತಾನೆ. ಕ್ರಮವೂ ಹಾಗೇ ಇದ್ದರೆ ಅಂಕ ಜಾಸ್ತಿ ಬೀಳುತ್ತದೆ. ಪ್ರತಿ ಸಲ ಸರಿ ತಪ್ಪು ಹೇಳುತ್ತಾ ಹೋದರಂತೂ ಕ್ರಮವನ್ನೇ ಕಲಿತುಬಿಡುತ್ತಾನೆ.

ಮನೆಯಲ್ಲೇ ಮಾಡಿ ನೋಡಿ. ಮಗುವನ್ನು ಗೋಡೆ ಕಡೆ ಮುಖ ಮಾಡಿ ಕೂರಿಸಿ. ಗಾಜು, ಕನ್ನಡಿ ಎದುರಿಗಿರಬಾರದು. ನೋಡಬೇಕೋ ಬೇಡವೋ ಅನ್ನುವುದನ್ನು ನಾಣ್ಯ ತೀರ್ಮಾನ ಮಾಡಲಿ, ನೀವಲ್ಲ. ನಡುವೆ ಸರಿ ತಪ್ಪು ಹೇಳಬೇಡಿ, ಕುರ್ಚಿ ಕಿರುಗುಟ್ಟಿಸಬೇಡಿ, ಉಸಿರು ಬಿಗಿಹಿಡಿಯಬೇಡಿ. ಕೊಡಗಿನ ಬೆನ್ನೇ ಆಗಲಿ, ಅರ್ಧಕ್ಕರ್ಧ ಬರುತ್ತದೆ.

ಕಾಳುಮೆಣಸು:
ತಮ್ಮನ ಮಕ್ಕಳ ಮೇಲೆ ಮಾಡಿದೆ. ಅರ್ಧಕ್ಕರ್ಧವೇ. ದೊಡ್ಡವನು ಮಾತ್ರ ಎಲ್ಲ ಸರಿ ಹೇಳಿದ. ಆಮೇಲೆ ನೋಡಿದರೆ ಟಿ.ವಿ.ಯ ಕಪ್ಪು ಪರದೆಯಲ್ಲಿ ನನ್ನ ನೆರಳು ಕಾಣುತ್ತಿತ್ತು ಅವನಿಗೆ, ಕಳ್ಳ.

ನೈಟ್ ಡ್ಯೂಟಿ:
ನಾನು ನರ್ಸ್. ಮೇಷ್ಟ್ರು ಹೇಳಿದ್ದಕ್ಕೆ ಸ್ವಲ್ಪ ಸೇರಿಸುತ್ತೇನೆ. ನೋಟ ಬೆನ್ನಿಗೆ ತಗಲುವುದಿಲ್ಲ, ಸರಿ. ಆದರೆ ಕಣ್ಣೆದುರಿನ ನೋಟದ ವಿಷಯದಲ್ಲಿ ಮನುಷ್ಯನ ಮಿದುಳು ಬಹಳ ಚುರುಕು. ಹುಟ್ಟಿ ಕೆಲವೇ ದಿನಗಳಾದ ಕೂಸೂ ಪಕ್ಕಕ್ಕೆ ನೋಡುವ ಮುಖಕ್ಕಿಂತ ತನ್ನನ್ನೇ ನೋಡುವ ಮುಖವನ್ನು ಜಾಸ್ತಿ ಹೊತ್ತು ನೋಡುತ್ತದೆ. ನಮ್ಮ ಕಣ್ಣಿನ ಬಿಳಿ ಭಾಗ ಬೇರೆ ವಾನರಗಳಿಗಿಂತ ಎದ್ದು ಕಾಣುತ್ತದೆ, ಯಾರು ಯಾವ ಕಡೆ ನೋಡುತ್ತಿದ್ದಾರೆ ಅನ್ನುವುದು ದೂರದಿಂದಲೇ ಗೊತ್ತಾಗುತ್ತದೆ.

ಇನ್ನೂ ವಿಚಿತ್ರ ಒಂದಿದೆ. ಮಿದುಳಿನ ದೃಷ್ಟಿಯ ಭಾಗ ಪೂರ್ತಿ ಹಾಳಾಗಿ ಕುರುಡಾಗಿದ್ದ ಒಬ್ಬರಿಗೆ ಮುಖಗಳ ಚಿತ್ರ ತೋರಿಸಿ ಸ್ಕ್ಯಾನ್ ಮಾಡಿದರು. 2013ರಲ್ಲಿ ವರದಿ ಬಂತು. ಅವರಿಗೆ ಚಿತ್ರ ಕಾಣುತ್ತಲೇ ಇರಲಿಲ್ಲ. ಆದರೂ ತಮ್ಮ ಕಡೆ ನೇರ ನೋಡುವ ಮುಖ ಬಂದಾಗ, ಮಿದುಳಿನಲ್ಲಿ ಅಪಾಯಕ್ಕೆ ಎಚ್ಚರಾಗುವ ಅಮಿಗ್ಡಲಾ ಎಂಬ ಭಾಗ ಬೇರೆಯಾಗಿ ಸ್ಪಂದಿಸಿತು. ಅಂದರೆ ಕಂಡಿದ್ದು ನಮಗೆ ಗೊತ್ತಾಗದೆಯೇ ಒಳಗೆ ಗಂಟೆ ಬಾರಿಸಬಹುದು. ಮೇಸ್ತ್ರಿಯ ಜೀರುಂಡೆಯೂ ಸುಮಾರು ಇದೇ ಜಾತಿ.

ಅದೇ ವರ್ಷ ಸಿಡ್ನಿಯ ಸಂಶೋಧಕರು ಇನ್ನೊಂದು ತೋರಿಸಿದರು. ಎದುರಿನ ಮುಖ ಮಬ್ಬಾಗಿದ್ದು ಕಣ್ಣು ಎತ್ತ ತಿರುಗಿದೆ ಅಂತ ಸರಿಯಾಗಿ ಕಾಣದಿದ್ದರೆ, ಜನ "ನನ್ನನ್ನೇ ನೋಡುತ್ತಿದೆ" ಅಂದುಕೊಳ್ಳುತ್ತಾರೆ. ಯೋಚಿಸಿ ಅಂದುಕೊಳ್ಳುವುದಲ್ಲ, ಮಿದುಳು ಮೊದಲೇ ಹಾಗೆ ಹಿಡಿದಿರುತ್ತದೆ. ತಂಗೀ, ನಿನ್ನ ಸಂಜೆ ದಾರಿ ಕತ್ತಲೂ ಅಲ್ಲ ಬೆಳಕೂ ಅಲ್ಲ, ಮೇಲೆ ಮಂಜು. ಒಂದು ಕಾಫಿ ಗಿಡದ ಬುಡವೂ ಅಲ್ಲಿ ಮುಖವಾಗುತ್ತದೆ.

ಕಿಟಕಿಯದು ಇನ್ನೂ ಸುಲಭ. ರಾತ್ರಿ ಒಳಗೆ ದೀಪ, ಹೊರಗೆ ಕತ್ತಲೆ. ಗಾಜಿನಲ್ಲಿ ನಿನ್ನದೇ ನೆರಳು ಕಾಣುತ್ತದೆ, ಆಚೆ ಏನೂ ಕಾಣುವುದಿಲ್ಲ. ಆಚೆ ಯಾರಾದರೂ ಇದ್ದರೆ ಅವರಿಗೆ ಮಾತ್ರ ನೀನು ಪೂರ್ತಿ ಕಾಣುತ್ತೀಯ. ನಿನ್ನ ಮನಸ್ಸು ಹೇಳುತ್ತಿರುವುದು ಭ್ರಮೆ ಅಲ್ಲ, ಸರಿಯಾದ ಲೆಕ್ಕವೇ. ಕಿಟಕಿಗೆ ಒಂದು ಪರದೆ ಹಾಕಿಸಿಬಿಡು.

ಆನೆ ಹೆಜ್ಜೆ:
ಪೊನ್ನಂಪೇಟೆ ಅರಣ್ಯ ಕಾಲೇಜಿನಲ್ಲಿ ಓದಿದವನು. ಒಂದು ವಿಷಯ ಯಾರೂ ಹೇಳಲಿಲ್ಲ. 1984ರಲ್ಲಿ ಕೇಟಿ ಪೇಯ್ನ್ ಎಂಬ ಸಂಶೋಧಕಿ ಅಮೆರಿಕದ ಪೋರ್ಟ್‌ಲ್ಯಾಂಡ್ ಮೃಗಾಲಯದಲ್ಲಿ ಆನೆಗಳ ಹತ್ತಿರ ನಿಂತಿದ್ದಾಗ, ಸದ್ದಿಲ್ಲದಿದ್ದರೂ ಗಾಳಿಯೇ ಮಿಡಿದ ಹಾಗೆ ಅನ್ನಿಸಿತಂತೆ. ಚಿಕ್ಕಂದಿನಲ್ಲಿ ಚರ್ಚಿನ ದೊಡ್ಡ ಆರ್ಗನ್ ಪಕ್ಕ ನಿಂತಾಗ ಆಗುತ್ತಿದ್ದ ಹಾಗೆ. ಆಮೇಲೆ ರೆಕಾರ್ಡ್ ಮಾಡಿ ನೋಡಿದರೆ ಆನೆಗಳು ನಮ್ಮ ಕಿವಿಗೆ ಸಿಗದಷ್ಟು ತಗ್ಗಿದ ದನಿಯಲ್ಲಿ ಮಾತಾಡುತ್ತಿದ್ದವು. ನಮಗೆ ಸುಮಾರು 20 ಹರ್ಟ್ಸ್‌ಗಿಂತ ಕೆಳಗಿನ ದನಿ ಕೇಳಿಸುವುದು ಕಷ್ಟ. ಆನೆಯ ಗುಡುಗುಡು 14ರಿಂದಲೇ ಶುರು.

ಇನ್ನೊಂದು ಕಡೆ, 1998ರಲ್ಲಿ ಇಂಗ್ಲೆಂಡಿನ ವಿಕ್ ಟ್ಯಾಂಡಿ ಎಂಬ ಇಂಜಿನಿಯರ್, ತಾನು ಕೆಲಸ ಮಾಡುತ್ತಿದ್ದ ಲ್ಯಾಬಿನಲ್ಲಿ ಯಾರೋ ನೋಡುತ್ತಿದ್ದಾರೆ ಅನ್ನಿಸುತ್ತಿದ್ದುದರ ಬಗ್ಗೆ ಬರೆದ. ಮೈ ಬೆವರುತ್ತಿತ್ತು, ಕಣ್ಣಂಚಿನಲ್ಲಿ ಬೂದು ಆಕೃತಿ ಕಾಣುತ್ತಿತ್ತು. ಹುಡುಕಿದರೆ ಹೊಸದಾಗಿ ಹಾಕಿದ್ದ ಒಂದು ಫ್ಯಾನು ಸುಮಾರು 19 ಹರ್ಟ್ಸ್‌ನಲ್ಲಿ ಕೋಣೆಯನ್ನು ನಡುಗಿಸುತ್ತಿತ್ತು. ಅದನ್ನು ಸರಿ ಮಾಡಿದ ಮೇಲೆ ಆ ಅನ್ನಿಸಿಕೆಯೂ ಹೋಯಿತು. ಎಲ್ಲ ದೆವ್ವಕ್ಕೂ ಇದೇ ಉತ್ತರ ಅಂತ ನಾನು ಹೇಳುವುದಿಲ್ಲ, ಅಷ್ಟು ಸಾಕ್ಷಿ ಇಲ್ಲ. ಆದರೆ ರೈಟರ್ ತಾತನ ಮೇಸ್ತ್ರಿಗೆ ಜೀರುಂಡೆಯ ಜೊತೆ ಇದೂ ಸೇರಿತ್ತೇನೋ ಅಂತ ನನಗೊಂದು ಆಸೆ.

ನೆಲ್ಲಕ್ಕಿ:
ಎಲ್ಲರೂ ಹೆದರಿಕೆಯ ಕಡೆಯಿಂದಲೇ ಮಾತಾಡುತ್ತಿದ್ದೀರಿ. ನಮ್ಮ ಐನ್‌ಮನೆಗೆ, ಅಂದರೆ ಕುಟುಂಬದ ಮೂಲ ಮನೆಗೆ ಹೋದರೆ ನನಗೂ ಯಾರೋ ನೋಡುತ್ತಿದ್ದಾರೆ ಅನ್ನಿಸುತ್ತದೆ, ಆದರೆ ಹೆದರಿಕೆ ಆಗುವುದಿಲ್ಲ. ಅದರ ನಡುಮನೆಯಾದ ನೆಲ್ಲಕ್ಕಿ ನಡುಬಾಡೆಯಲ್ಲಿ ತೂಗುದೀಪ ಹಚ್ಚಿರುತ್ತಾರೆ. ಅದರ ಮುಂದೆ ಯಾರೂ ಕೆಟ್ಟ ಮಾತು ಆಡುವುದಿಲ್ಲ. ವಂಶದ ಮೂಲಪುರುಷ ಕಾರಣವ ಇದ್ದಾನೆ, ಕೇಳಿಸಿಕೊಳ್ಳುತ್ತಾನೆ ಅನ್ನುವುದು ಚಿಕ್ಕಂದಿನಿಂದ ತಲೆಯಲ್ಲಿ ಕೂತಿದೆ. ಕಾರಣಂಗ್ ಕೊಡ್‌ಪ ದಿನ ಹಿರಿಯರಿಗೆ ಎಡೆ ಇಟ್ಟು ಬಾಗಿಲು ಮುಂದೆ ಮಾಡಿ ಹೊರಗೆ ಕಾಯುತ್ತೇವಲ್ಲ, ಆ ಹೊತ್ತಿನಲ್ಲಿ ಮಕ್ಕಳೂ ಪಿಸುಮಾತಿಗೆ ಇಳಿಯುತ್ತವೆ. ನನ್ನ ದೊಡ್ಡಪ್ಪ ಒಬ್ಬರು, ಕುಡಿದರೆ ಯಾರ ಮಾತೂ ಕೇಳುವವರಲ್ಲ, ಹಿರಿಯರ ಗುಡಿಯಾದ ಕೈಮಡದ ಮುಂದೆ ಮಾತ್ರ ಚಪ್ಪಲಿ ಬಿಟ್ಟು ಸುಮ್ನೆ ಕೈ ಮುಗಿದು ಹೋಗುತ್ತಿದ್ದರು.

ದೇವರಕಾಡೂ ಹಾಗೇ. ಜಿಲ್ಲೆಯಲ್ಲಿ ಸಾವಿರದ ಇನ್ನೂರಕ್ಕೂ ಹೆಚ್ಚು ದೇವರಕಾಡುಗಳಿವೆ. ಅವು ಇಷ್ಟಾದರೂ ಉಳಿದಿರುವುದು ಬೇಲಿಯಿಂದಲ್ಲ. ಕೊಂಬೆ ಕಡಿದರೆ ಒಳಗಿರುವವನು ನೋಡುತ್ತಾನೆ ಎಂಬ ಭಯದಿಂದ.

ಚಾಕ್‌ಪೀಸ್:
ಚೆನ್ನಾಗಿ ಹೇಳಿದಿರಿ. 2006ರಲ್ಲಿ ಇಂಗ್ಲೆಂಡಿನ ನ್ಯೂಕಾಸಲ್ ವಿಶ್ವವಿದ್ಯಾಲಯದಲ್ಲಿ ಒಂದು ಪ್ರಯೋಗ ನಡೆಯಿತು. ಕಾಫಿ, ಚಹಾ ಕುಡಿದವರು ತಾವಾಗಿ ಡಬ್ಬಿಗೆ ದುಡ್ಡು ಹಾಕಬೇಕು, ಕಾವಲಿಗೆ ಯಾರೂ ಇಲ್ಲ. ದರದ ಪಟ್ಟಿಯ ಮೇಲೆ ಒಂದು ವಾರ ಹೂವಿನ ಚಿತ್ರ, ಒಂದು ವಾರ ಕಣ್ಣಿನ ಚಿತ್ರ. ಕಣ್ಣಿದ್ದ ವಾರಗಳಲ್ಲಿ ದುಡ್ಡು ಸುಮಾರು ಮೂರು ಪಟ್ಟು ಬಿತ್ತು.

ಕಾಳುಮೆಣಸು:
ಅದರ ಮುಂದಿನ ಕಥೆಯನ್ನೂ ಹೇಳಿ ಮೇಷ್ಟ್ರೇ. ಆಮೇಲೆ ಬೇರೆ ಬೇರೆ ಕಡೆಯ ಪ್ರಯೋಗಗಳನ್ನು ಒಟ್ಟಿಗೆ ಸೇರಿಸಿ ನೋಡಿದಾಗ ಕಣ್ಣಿನ ಚಿತ್ರಕ್ಕೆ ಅಷ್ಟು ಬಲ ಕಾಣಲಿಲ್ಲ. ಚಿತ್ರಕ್ಕೆ ಹೆದರುವವರು ಕಡಿಮೆ. ನೆಲ್ಲಕ್ಕಿಯವರ ದೊಡ್ಡಪ್ಪ ಹೆದರುತ್ತಿದ್ದುದು ಚಿತ್ರಕ್ಕಲ್ಲವಲ್ಲ.

ಆನೆ ಹೆಜ್ಜೆ:
ಪ್ರಾಣಿಗಳ ಮೇಲೆ ಮಾತ್ರ ಚಿತ್ರ ಕೆಲಸ ಮಾಡಿದೆ! ಬೋಟ್ಸ್ವಾನಾದಲ್ಲಿ ದನಗಳ ಹಿಂಭಾಗಕ್ಕೆ ದೊಡ್ಡ ಕಣ್ಣು ಬರೆದು ಮೇಯಲು ಬಿಟ್ಟರು. ನಾಲ್ಕು ವರ್ಷದ ಕೆಲಸ, 2020ರಲ್ಲಿ ಪ್ರಕಟ ಆಯಿತು. ಕಣ್ಣು ಬರೆದ 683 ದನಗಳಲ್ಲಿ ಒಂದನ್ನೂ ಸಿಂಹ ಹಿಡಿಯಲಿಲ್ಲ. ಏನೂ ಬರೆಯದ 835ರಲ್ಲಿ 15 ಹೋದವು. ಸುಂದರಬನದಲ್ಲೂ 1986ರ ಹೊತ್ತಿಗೆ ಜೇನು ತೆಗೆಯುವವರು, ಸೌದೆಯವರು ತಲೆಯ ಹಿಂಭಾಗಕ್ಕೆ ಮನುಷ್ಯನ ಮುಖವಾಡ ಕಟ್ಟಿಕೊಂಡು ಕಾಡಿಗೆ ಹೋಗತೊಡಗಿದರು. ಹುಲಿ ಹಿಂದಿನಿಂದ ಬೀಳುವ ಪ್ರಾಣಿ. ನೋಡಿಬಿಟ್ಟರು ಅಂತ ಗೊತ್ತಾದರೆ ಹಿಂಜರಿಯುತ್ತದೆ. ಹೊಸದರಲ್ಲಿ ಚೆನ್ನಾಗಿ ನಡೆಯಿತು.

ಲೈನ್‌ಮನೆ ಅಕ್ಕ:
ನಾನು ಹೆಚ್ಚು ಓದಿದವಳಲ್ಲ. ಮಗಳು ಟೈಪ್ ಮಾಡುತ್ತಿದ್ದಾಳೆ. ನೀವೆಲ್ಲ ಇಲ್ಲದ ಕಣ್ಣಿನ ಬಗ್ಗೆ ಮಾತಾಡುತ್ತಿದ್ದೀರಿ. ತೋಟದ ಆಳುಗಳು ಇರುವ ಸಾಲುಮನೆ, ನಮ್ಮ ಲೈನಿನಲ್ಲಿ, ನಿಜವಾಗಿಯೂ ಇರುವ ಕಣ್ಣಿದೆ.

ಮೆಣಸು ಕಳುವಾಯಿತು ಅಂತ ಕಣದ ಹತ್ತಿರ ಕ್ಯಾಮೆರಾ ಹಾಕಿಸಿದರು. ಸರಿ, ಅವರ ಮೆಣಸು, ಅವರ ಕ್ಯಾಮೆರಾ. ಆಮೇಲೆ ಗೇಟಿಗೆ ಒಂದು, ಲೈನಿನ ತುದಿಗೆ ಒಂದು. ಲೈನಿನ ತುದಿಯದ್ದು ಇರುವುದು ಎಲ್ಲಿಗೆ ನೇರವಾಗಿ ಗೊತ್ತಾ? ನಲ್ಲಿ, ಬಟ್ಟೆ ಒಗೆಯುವ ಕಲ್ಲು, ಕಕ್ಕಸಿಗೆ ಹೋಗುವ ದಾರಿ. ನಾವು ಹೆಂಗಸರು ಬೆಳಿಗ್ಗೆ ಕತ್ತಲಿರುವಾಗಲೇ ಸ್ನಾನದ ನೀರು ಹೊತ್ತು ತರುವುದು ಅಲ್ಲೇ. ಒದ್ದೆ ಬಟ್ಟೆಯಲ್ಲಿ ಓಡಿ ಬರುವುದೂ ಅಲ್ಲೇ. ಅದರ ಚಿತ್ರ ಯಾರ ಫೋನಿಗೆ ಹೋಗುತ್ತದೆ? ಧಣಿ ಮಡಿಕೇರಿಯಲ್ಲಿ, ಅವರ ಮಗ ಬೆಂಗಳೂರಿನಲ್ಲಿ. ಕಾವಲಿನ ಹುಡುಗನ ಫೋನಿನಲ್ಲೂ ಇದೆ ಅಂತ ಹೇಳುತ್ತಾರೆ.

ಮೊದಲು ಒಗೆಯುವ ಕಲ್ಲಿನ ಹತ್ತಿರ ಕೂತು ನಗುತ್ತಾ ಕೆಲಸ ಮಾಡುತ್ತಿದ್ದೆವು. ಅತ್ತೆಯ ಸುದ್ದಿ, ಗಂಡನ ಸುದ್ದಿ, ಮೇಸ್ತ್ರಿಯ ಸುದ್ದಿ. ಈಗ ಬಕೆಟ್ ಹಿಡಿದು ಹೋಗುತ್ತೇವೆ, ತುಂಬಿಸಿ ಬರುತ್ತೇವೆ. ನನ್ನ ಸಣ್ಣ ಮಗಳು ಸೆರಗಿನಲ್ಲಿ ಮುಖ ಮುಚ್ಚಿಕೊಂಡು ಕಕ್ಕಸಿಗೆ ಹೋಗುತ್ತಾಳೆ. ಇದು ಭ್ರಮೆಯಾ?

ಆನೆ ಹೆಜ್ಜೆ:
ಅಕ್ಕಾ, ಭ್ರಮೆ ಅಲ್ಲ. ನೀವು ಹೇಳಿದ್ದನ್ನೇ ಉತ್ತರಾಖಂಡದ ಕಾರ್ಬೆಟ್ ಹುಲಿ ಮೀಸಲು ಪ್ರದೇಶದ ಹೆಂಗಸರೂ ಹೇಳಿದ್ದಾರೆ. ಕೇಂಬ್ರಿಜ್‌ನ ಸಂಶೋಧಕ ತ್ರಿಶಾಂತ್ ಸಿಮ್ಲಾಯ್ ಅಲ್ಲಿ 14 ತಿಂಗಳು ಇದ್ದು, ಸುತ್ತಲ ಊರುಗಳ 270 ಜನರನ್ನು ಮಾತಾಡಿಸಿ 2024ರಲ್ಲಿ ಬರೆದರು. ಹುಲಿಗೆ ಅಂತ ಮರಕ್ಕೆ ಕಟ್ಟಿದ ಕ್ಯಾಮೆರಾ, ಸೌದೆ ಹುಲ್ಲಿಗೆ ಬರುವ ಹೆಂಗಸರನ್ನೂ ಹಿಡಿಯುತ್ತದೆ. ಕಾಡಿಗೆ ಬಹಿರ್ದೆಸೆಗೆ ಹೋದ ಒಬ್ಬ ಹೆಂಗಸಿನ ಚಿತ್ರ ಹಾಗೆ ಸಿಕ್ಕಿ ಊರಿನ ವಾಟ್ಸಾಪ್ ಗುಂಪುಗಳಲ್ಲಿ ಓಡಾಡಿತು. ಊರವರು ಸಿಟ್ಟಿಗೆದ್ದು ಕ್ಯಾಮೆರಾ ಒಡೆದರು.

ನನ್ನನ್ನು ಕಾಡಿದ್ದು ಇನ್ನೊಂದು ಮಾತು. ಅಲ್ಲಿನ ಹೆಂಗಸರು ಕಾಡಿನಲ್ಲಿ ಜೋರಾಗಿ ಹಾಡುತ್ತಾ, ಮಾತಾಡುತ್ತಾ ಹೋಗುತ್ತಿದ್ದರು. ಆನೆ, ಹುಲಿ ದೂರ ಸರಿಯಲಿ ಅಂತ. ಕ್ಯಾಮೆರಾ ಬಂದ ಮೇಲೆ ದನಿ ತಗ್ಗಿತು, ಯಾರೂ ಕಾಣದ ಹೊಸ ದಾರಿ ಹಿಡಿದರು. ಪ್ರಾಣಿಯ ಕಣ್ಣಿನಿಂದ ಉಳಿಸುತ್ತಿದ್ದ ಹಾಡನ್ನು ಮನುಷ್ಯನ ಕಣ್ಣು ನಿಲ್ಲಿಸಿತು. ಜೀವಕ್ಕೇ ಅಪಾಯ ಅಲ್ವಾ ಇದು?

ಕ್ಯಾಮೆರಾ ಬೇಡ ಅನ್ನುವವನು ನಾನಲ್ಲ. ಹುಲಿ ವಿಜ್ಞಾನಿ ಉಲ್ಲಾಸ ಕಾರಂತರು 1990ರ ದಶಕದಲ್ಲಿ ನಮ್ಮ ನಾಗರಹೊಳೆಯಲ್ಲೇ ಕ್ಯಾಮೆರಾ ಟ್ರ್ಯಾಪ್ ಇಟ್ಟು, ಪಟ್ಟೆ ನೋಡಿ ಒಂದೊಂದು ಹುಲಿಯನ್ನೂ ಗುರುತಿಸಿ ಎಣಿಸುವ ದಾರಿ ತೋರಿಸಿದರು. ಹೆಜ್ಜೆ ಗುರುತು ನೋಡಿ ಎಣಿಸುವುದಕ್ಕಿಂತ ಎಷ್ಟೋ ಮೇಲು. ಆದರೆ ಮನುಷ್ಯರ ಚಿತ್ರ ಸಿಕ್ಕರೆ ಏನು ಮಾಡುತ್ತೀರಿ, ಯಾರು ನೋಡುತ್ತಾರೆ, ಯಾವಾಗ ಅಳಿಸುತ್ತೀರಿ ಅಂತ ಹಾಡಿಯ ಆದಿವಾಸಿಗಳಿಗೆ ಕೂತು ಹೇಳಿದ್ದನ್ನು ನಾನು ಕಂಡಿಲ್ಲ.

ರೈಟರ್ ತಾತ:
ಈ ಹೆಣ್ಣುಮಗಳ ಮಾತು ಓದಿ ನನಗೆ ಸಂಕಟ ಆಯಿತು. ಹಿಂದೆಯೂ ಲೈನಿನ ಮೇಲೆ ಕಣ್ಣಿಡುತ್ತಿದ್ದರು, ಇಲ್ಲ ಅನ್ನುವುದಿಲ್ಲ. ರೈಟರ್ ಅಂದರೆ ಅದೇ ಕೆಲಸ. ಆದರೆ ನಾನು ಬರುವುದು ಅವರಿಗೂ ಕಾಣುತ್ತಿತ್ತು, ಕೆಮ್ಮಿಕೊಂಡೇ ಹೋಗುತ್ತಿದ್ದೆ. ಇದು ಕೆಮ್ಮುವುದಿಲ್ಲ.

ವರ್ಕ್ ಫ್ರಂ ಮಡಿಕೇರಿ:
ಹೋಂಸ್ಟೇಗಳ ಬಗ್ಗೆಯೂ ಹೇಳಬೇಕು. ನಮ್ಮ ಜಿಲ್ಲೆಯಲ್ಲಿ ಅಲ್ಲ, ಬೇರೆ ಊರಿನ ಒಂದು ಲಾಡ್ಜಿನಲ್ಲಿ ನನ್ನ ಅಕ್ಕನಿಗೆ ಬಾತ್‌ರೂಮಿನ ಗೀಸರ್ ಹಿಂದೆ ಒಂದು ಸಣ್ಣ ಕ್ಯಾಮೆರಾ ಸಿಕ್ಕಿತು. ಆವತ್ತಿನಿಂದ ಎಲ್ಲಿ ಉಳಿದರೂ ನೋಡುವುದು ರೂಢಿಯಾಗಿದೆ. ದೀಪ ಆರಿಸಿ, ಪರದೆ ಎಳೆದು, ಫೋನಿನ ಟಾರ್ಚನ್ನು ಕಣ್ಣ ಪಕ್ಕದಲ್ಲೇ ಹಿಡಿದು ಮೆಲ್ಲಗೆ ಕೋಣೆ ಸುತ್ತ ಆಡಿಸಬೇಕು. ಹಾಸಿಗೆ ಅಥವಾ ಬಚ್ಚಲ ಕಡೆ ಮುಖ ಮಾಡಿರುವ ಗಡಿಯಾರ, ಚಾರ್ಜರ್, ಹೊಗೆ ಪತ್ತೆ ಯಂತ್ರ, ತೂತು ಇರುವ ಏನೇ ಆದರೂ. ಲೆನ್ಸ್ ಇದ್ದರೆ ಚುಕ್ಕೆಯಾಗಿ ಮಿನುಗುತ್ತದೆ. ಕತ್ತಲಲ್ಲಿ ಕೆಲಸ ಮಾಡುವ ಕ್ಯಾಮೆರಾ ಆದರೆ ಅದರ ಇನ್ಫ್ರಾರೆಡ್ ಬೆಳಕು ನಮ್ಮ ಕಣ್ಣಿಗೆ ಕಾಣದಿದ್ದರೂ ಎಷ್ಟೋ ಫೋನುಗಳ ಸೆಲ್ಫಿ ಕ್ಯಾಮೆರಾದಲ್ಲಿ ಬಿಳಿ ಅಥವಾ ನೇರಳೆ ಚುಕ್ಕೆಯಾಗಿ ಕಾಣುತ್ತದೆ. ಮನೆಯ ಟಿ.ವಿ. ರಿಮೋಟ್ ಒತ್ತಿ ಮೊದಲು ಪರೀಕ್ಷೆ ಮಾಡಿಕೊಳ್ಳಿ. ಸಿಕ್ಕರೆ ಮುಟ್ಟಬೇಡಿ, ಇದ್ದಲ್ಲೇ ಫೋಟೋ ತೆಗೆದು 112ಕ್ಕೆ ಫೋನ್ ಮಾಡಿ.

ಕಾಳುಮೆಣಸು:
ಫೋನೇ ಕೇಳಿಸಿಕೊಳ್ಳುತ್ತದೆ ಅನ್ನುತ್ತಾರಲ್ಲ? ನಿನ್ನೆ ಕಳೆ ಕೊಚ್ಚುವ ಮೆಷಿನ್ ಬಗ್ಗೆ ಮಾತಾಡಿದೆ, ಇವತ್ತು ಅದರದ್ದೇ ಜಾಹೀರಾತು.

ವರ್ಕ್ ಫ್ರಂ ಮಡಿಕೇರಿ:
2018ರಲ್ಲಿ ಅಮೆರಿಕದ ನಾರ್ತ್‌ಈಸ್ಟರ್ನ್ ವಿಶ್ವವಿದ್ಯಾಲಯದವರು 17,260 ಆ್ಯಂಡ್ರಾಯ್ಡ್ ಆ್ಯಪ್‌ಗಳನ್ನು ಪರೀಕ್ಷಿಸಿದರು. ಗುಟ್ಟಾಗಿ ಮೈಕ್ ಆನ್ ಮಾಡಿ ದನಿ ಕಳಿಸಿದ್ದು ಒಂದೂ ಸಿಗಲಿಲ್ಲ. ಕೆಲವು ಆ್ಯಪ್‌ಗಳು ಪರದೆಯ ಮೇಲೆ ನಾವು ಮಾಡಿದ್ದನ್ನು ವಿಡಿಯೋ ಮಾಡಿ ಬೇರೆ ಕಂಪನಿಗೆ ಕಳಿಸುತ್ತಿದ್ದುದು ಸಿಕ್ಕಿತು. ಮೆಷಿನ್ ವಿಷಯಕ್ಕೆ ಅಷ್ಟು ಕಷ್ಟವೇ ಬೇಡ ಅಣ್ಣ. ಎಲ್ಲಿದ್ದೀರಿ, ಏನು ಹುಡುಕಿದ್ದೀರಿ, ಯಾವ ತಿಂಗಳು ಅಂತ ಗೊತ್ತಾದರೆ ಸಾಕು. ಮಳೆ ಬಿದ್ದ ಮೇಲೆ ಕೊಡಗಿನವರಿಗೆ ಕಳೆ ಮೆಷಿನ್ ತೋರಿಸಲು ಯಾರೂ ಕದ್ದು ಕೇಳಬೇಕಾಗಿಲ್ಲ.

ನೈಟ್ ಡ್ಯೂಟಿ:
ಮರೆಯುವ ಮೊದಲು ಒಂದು ಮುಖ್ಯ ವಿಷಯ. ಮಳೆಗಾಲ ಅಂದರಲ್ಲ, ಅದಕ್ಕೆ. 1921ರಲ್ಲಿ ವಿಲಿಯಂ ವಿಲ್ಮರ್ ಎಂಬ ಕಣ್ಣಿನ ಡಾಕ್ಟರು ಒಂದು ಕುಟುಂಬದ ಕಥೆ ಬರೆದರು. ಹಳೇ ಮನೆಗೆ ಬಂದ ಮೇಲೆ ಅವರಿಗೆ ತಲೆನೋವು, ಸುಸ್ತು. ರಾತ್ರಿ ಹೆಜ್ಜೆ ಸದ್ದು, ಯಾರೋ ಹಿಂದೆ ಬಂದ ಹಾಗೆ, ಯಾರೋ ನೋಡುತ್ತಿರುವ ಹಾಗೆ. ದೆವ್ವದ ಮನೆ ಅಂತಲೇ ಅಂದುಕೊಂಡಿದ್ದರು. ಕೊನೆಗೆ ನೋಡಿದರೆ ಕೆಟ್ಟುಹೋದ ಒಲೆಯಿಂದ ಕಾರ್ಬನ್ ಮಾನಾಕ್ಸೈಡ್ ಮನೆಯೊಳಗೆ ತುಂಬುತ್ತಿತ್ತು.

ಕಕ್ಕಡ ತಿಂಗಳ ಮಳೆಯಲ್ಲಿ ನಾವು ಏನು ಮಾಡುತ್ತೇವೆ? ಕಿಟಕಿ ಬಾಗಿಲು ಭದ್ರ ಮಾಡಿ, ಅಗ್ಗಿಷ್ಟಿಕೆಯಲ್ಲಿ ಕೆಂಡ ತಂದು ಮಲಗುವ ಕೋಣೆಯಲ್ಲಿ ಇಟ್ಟುಕೊಳ್ಳುತ್ತೇವೆ. ಗಾಳಿ ಆಡದ ಬಚ್ಚಲಿನಲ್ಲಿ ಗ್ಯಾಸ್ ಗೀಸರ್ ಉರಿಸುತ್ತೇವೆ. ಆ ಗಾಳಿಗೆ ಬಣ್ಣ ಇಲ್ಲ, ವಾಸನೆ ಇಲ್ಲ. ಮನೆಯಲ್ಲಿ ಎಲ್ಲರಿಗೂ ಒಟ್ಟಿಗೆ ತಲೆನೋವು, ವಾಕರಿಕೆ ಬಂದು ಹೊರಗೆ ಹೋದರೆ ಕಡಿಮೆಯಾದರೆ, ಕೋಳಿ ಹರಕೆಗಿಂತ ಮೊದಲು ಕಿಟಕಿ ತೆಗೆಯಿರಿ. ಕೆಂಡ ಇಟ್ಟುಕೊಂಡು ಮಲಗಬೇಡಿ.

ಇನ್ನೊಂದು. ಕಿಟಕಿಯ ಹತ್ತಿರ, ತೋಟದ ತಿರುವಿನಲ್ಲಿ ಒಂದು ಗಳಿಗೆ ಅನ್ನಿಸಿ ಹೋಗುವುದು ಎಲ್ಲರಿಗೂ ಇದ್ದದ್ದೇ. ನಿದ್ದೆಯಿಂದ ಎದ್ದಾಗ ಕೈಕಾಲು ಆಡದೆ, ಕೋಣೆಯಲ್ಲಿ ಯಾರೋ ನಿಂತ ಹಾಗಾಗುವುದೂ ಬಹಳ ಜನಕ್ಕೆ ಆಗುತ್ತದೆ. ಆದರೆ ಹಗಲು ರಾತ್ರಿ ಅದೇ ಯೋಚನೆ, ಎಲ್ಲರೂ ಸೇರಿ ನನ್ನ ಮೇಲೆ ಕಣ್ಣಿಟ್ಟಿದ್ದಾರೆ ಅನ್ನುವುದು, ಅದಕ್ಕಾಗಿ ಊಟ ನಿದ್ದೆ ಬಿಡುವುದು, ಹೀಗಾದರೆ ಡಾಕ್ಟರ ಹತ್ತಿರ ಹೋಗಬೇಕು. ಸರ್ಕಾರದ ಮಾನಸಿಕ ಆರೋಗ್ಯ ಸಹಾಯವಾಣಿ ಟೆಲಿ ಮಾನಸ್ 14416, ದುಡ್ಡಿಲ್ಲ, ಕನ್ನಡದಲ್ಲೇ ಮಾತಾಡುತ್ತಾರೆ.

ನಾಲ್ಕುನಾಡಿನವಳು:
ನೈಟ್ ಡ್ಯೂಟಿ ಅಕ್ಕ, ನನಗೆ ಅಷ್ಟೆಲ್ಲ ಇಲ್ಲ. ತಲೆನೋವೂ ಇಲ್ಲ. ಪರದೆಗೆ ಬಟ್ಟೆ ತಂದಿದ್ದೇನೆ. ತೋಟದ ದಾರಿಗೆ ಇನ್ನು ಇಯರ್‌ಫೋನ್ ಹಾಕುವುದಿಲ್ಲ. ತಾತ ಹೇಳಿದ ಮೇಲೆ ಹೊಳೆಯಿತು, ಜೀರುಂಡೆ ನಿಂತರೂ ನನಗೆ ಕೇಳಿಸುತ್ತಿರಲಿಲ್ಲ. ನನ್ನದು ಬಿಡಿ. ಲೈನ್‌ಮನೆ ಅಕ್ಕನ ವಿಷಯಕ್ಕೆ ಏನಾದರೂ ದಾರಿ ಇದೆಯಾ?

ಕರಿಕೋಟು:
ವಕೀಲ. ಗೊತ್ತಿರುವಷ್ಟು ಹೇಳುತ್ತೇನೆ. 2017ರ ಆಗಸ್ಟ್ 24ರಂದು ಸುಪ್ರೀಂ ಕೋರ್ಟಿನ 9 ನ್ಯಾಯಮೂರ್ತಿಗಳ ಪೀಠ, ಖಾಸಗಿತನ ಮೂಲಭೂತ ಹಕ್ಕು ಅಂತ ಹೇಳಿತು. ಆ ಮೊಕದ್ದಮೆ ಹಾಕಿದವರು ನಮ್ಮ ಕರ್ನಾಟಕ ಹೈಕೋರ್ಟಿನ ನಿವೃತ್ತ ನ್ಯಾಯಮೂರ್ತಿ ಕೆ.ಎಸ್. ಪುಟ್ಟಸ್ವಾಮಿ.

ಭಾರತೀಯ ನ್ಯಾಯ ಸಂಹಿತೆಯ 77ನೇ ಕಲಂ ಹೆಂಗಸಿನ ಖಾಸಗಿ ಹೊತ್ತನ್ನು ಕದ್ದು ನೋಡುವುದಕ್ಕೆ, ಚಿತ್ರ ತೆಗೆಯುವುದಕ್ಕೆ ಸಂಬಂಧಿಸಿದ್ದು. ಸ್ನಾನ, ಶೌಚ ಇವೆಲ್ಲ ಅದರಲ್ಲಿ ಬರುತ್ತವೆ. ಮೊದಲ ಸಲಕ್ಕೆ ಒಂದರಿಂದ ಮೂರು ವರ್ಷ ಜೈಲು, ದಂಡ. ಹಿಂದೆ ಹಿಂದೆ ಬಂದು ಕಾಡುವುದಕ್ಕೆ 78. ಮಾಹಿತಿ ತಂತ್ರಜ್ಞಾನ ಕಾಯ್ದೆಯ 66ಇ ಕೂಡ ಇದೆ, ಮೂರು ವರ್ಷದವರೆಗೆ ಜೈಲು ಅಥವಾ ಎರಡು ಲಕ್ಷದವರೆಗೆ ದಂಡ ಅಥವಾ ಎರಡೂ.

ಆದರೆ ಅಕ್ಕಾ, ನೇರವಾಗಿ ಹೇಳುತ್ತೇನೆ. ನಲ್ಲಿಯ ಹತ್ತಿರ, ದಾರಿಯಲ್ಲಿ ಕ್ಯಾಮೆರಾ ಬಿದ್ದ ಮಾತ್ರಕ್ಕೆ 77 ನಿಲ್ಲುವುದು ಕಷ್ಟ. ಕಕ್ಕಸಿನ ಒಳಗೆ ಅಥವಾ ಸ್ನಾನದ ಜಾಗಕ್ಕೆ ಕಂಡರೆ ಆ ಮಾತೇ ಬೇರೆ. ಆದ್ದರಿಂದ ಮೊದಲು ನಿಮ್ಮಲ್ಲಿ ಯಾರಾದರೂ ಅದರ ಚಿತ್ರ ಎಲ್ಲಿಯವರೆಗೆ ಕಾಣುತ್ತದೆ ಅಂತ ತಿಳಿದುಕೊಳ್ಳಿ. ತೋರಿಸಿ ಅಂತ ಕೇಳಲು ನಿಮಗೆ ಪೂರ್ತಿ ನ್ಯಾಯ ಇದೆ. ಒಡೆಯಲು ಮಾತ್ರ ಹೋಗಬೇಡಿ, ಕೇಸು ನಿಮ್ಮ ಮೇಲೇ ತಿರುಗುತ್ತದೆ. ಯಾರದಾದರೂ ಚಿತ್ರ ಫೋನಿನಿಂದ ಫೋನಿಗೆ ಹೋಗಿದ್ದು ಗೊತ್ತಾದರೆ ತಡ ಮಾಡದೆ ಠಾಣೆಗೆ ಹೋಗಿ.

ಲೈನ್‌ಮನೆ ಅಕ್ಕ:
ಧಣಿಗೆ ಬರೆದು ಕೊಡಬೇಕಾ ಸಾರ್, ಬಾಯಲ್ಲಿ ಹೇಳಿದರೆ ಸಾಕಾ? ಒಬ್ಬಳೇ ಹೋದರೆ ನಾಳೆಯಿಂದ ಕೆಲಸ ಇಲ್ಲ ಅಂದುಬಿಡುತ್ತಾರೆ.

ರೈಟರ್ ತಾತ:
ಒಬ್ಬಳೇ ಹೋಗಬೇಡ. ಲೈನಿನ ಹೆಂಗಸರೆಲ್ಲ ಒಟ್ಟಿಗೆ ಹೋಗಿ, ಸಂಬಳದ ದಿನ ಹೋಗಿ. ಅವತ್ತು ಧಣಿ ಬಂದಿರುತ್ತಾರೆ, ಎಲ್ಲರೂ ಸಾಲಿನಲ್ಲಿ ಇರುತ್ತೀರಿ, ಯಾರು ಮೊದಲು ಹೇಳಿದರು ಅಂತ ಬೆರಳು ತೋರಿಸಲು ಆಗುವುದಿಲ್ಲ. ಕ್ಯಾಮೆರಾ ತೆಗೆಯಿರಿ ಅನ್ನಬೇಡಿ, ಮುಖ ಗೇಟಿನ ಕಡೆ ತಿರುಗಿಸಿ ಅನ್ನಿ. ಮೆಣಸು ಕಳ್ಳ ಬರುವುದು ಗೇಟಿನಿಂದಲೇ ಹೊರತು ಕಕ್ಕಸಿನಿಂದಲ್ಲ.

ಕರಿಕೋಟು:
ತಾತ ಹೇಳಿದ್ದೇ ಸರಿ. ಬಾಯಲ್ಲಿ ಹೇಳಿ ಕೇಳದಿದ್ದರೆ ಬರೆದು ಕೊಡಿ, ಎಲ್ಲರ ಸಹಿ ಅಥವಾ ಹೆಬ್ಬೆಟ್ಟು ಇರಲಿ, ಒಂದು ನಕಲು ಇಟ್ಟುಕೊಳ್ಳಿ. ಬರೆಯಲು ನಾನು ಸಹಾಯ ಮಾಡುತ್ತೇನೆ, ಫೀಸು ಬೇಡ.

ಲೈನ್‌ಮನೆ ಅಕ್ಕ:
ಸಂಬಳ ಶನಿವಾರ. ನಲ್ಲಿಯ ಹತ್ತಿರ ಈ ಮಾತು ಆಡಲು ಆಗುವುದಿಲ್ಲ, ಇವತ್ತು ರಾತ್ರಿ ನಮ್ಮ ಮನೆಯಲ್ಲಿ ಎಲ್ಲರನ್ನೂ ಸೇರಿಸುತ್ತೇನೆ. ಏನಾಯಿತು ಅಂತ ಮಗಳ ಕೈಲಿ ಬರೆಸುತ್ತೇನೆ.